'ನೂರಾ ಎರಡು ಕೊಟ್ಟವನು' ಅಷ್ಟೇನಾ? ದಾವಣಗೆರೆ ಎಕ್ಸ್‌ಪ್ರೆಸ್ ವಿನಯ್ ಕುಮಾರ್ ಅವರ ಪೂರ್ತಿ ಲೆಕ್ಕ

ಕರೂರು ಕೈಗಾರಿಕಾ ಪ್ರದೇಶದಲ್ಲಿ ನಮ್ಮದೊಂದು ಸಣ್ಣ ಶೆಡ್ಡು. ಎರಡು ಲೇತು, ಒಂದು ಡ್ರಿಲ್ಲಿಂಗ್ ಮೆಷಿನ್ನು, ನಾಲ್ಕು ಜನ ಕೆಲಸದವರು. ಮಧ್ಯಾಹ್ನ ಊಟಕ್ಕೆ ಮೆಷಿನ್ ನಿಂತ ಕೂಡಲೇ ಯಾರಾದರೂ ಒಬ್ಬರು ಫೋನನ್ನು ನೀರಿನ ಕ್ಯಾನಿಗೆ ಒರಗಿಸಿ ಇಡುತ್ತಾರೆ. ಕ್ರಿಕೆಟ್ ಮಾತು ಶುರು. ಪಂದ್ಯ ಅಲ್ಲ, ಪಂದ್ಯದ ಬಗ್ಗೆ ಮಾತು. ಒಬ್ಬ ನಿರೂಪಕ, ಇಬ್ಬರು ಅತಿಥಿಗಳು, ಹಿಂದೆ ದೊಡ್ಡ ಅಕ್ಷರದಲ್ಲಿ ಒಂದು ಪ್ರಶ್ನೆ. ಈಗ ಪಂದ್ಯಕ್ಕಿಂತ ಇದನ್ನು ನೋಡುವವರೇ ಜಾಸ್ತಿ ಅಂತ ನನಗನಿಸುತ್ತದೆ.

ಮೊನ್ನೆ ಹಾಗೇ ಆಯಿತು. ನಮ್ಮಲ್ಲಿ ಕೆಲಸ ಮಾಡುವ ಹತ್ತೊಂಬತ್ತು ವರ್ಷದ ಹುಡುಗನೊಬ್ಬ, ಭಾನುವಾರ ಬಂತೆಂದರೆ ಚೆಂಡು ಹಿಡಿದು ಓಡುವವನು, ತುತ್ತು ಬಾಯಲ್ಲಿಟ್ಟುಕೊಂಡೇ ಕೇಳಿದ: "ಅಣ್ಣ, ಈ ವಿನಯ್ ಕುಮಾರ್ ಅಂದ್ರೆ ನೂರಾ ಎರಡು ರನ್ ಕೊಟ್ಟೋರಲ್ವಾ? ನಮ್ಮೂರೋರಂತೆ?"

ನನಗೆ ಸಿಟ್ಟು ಬಂತು. ಹುಡುಗನ ಮೇಲಲ್ಲ. ಅವನು ಕೇಳಿಸಿಕೊಂಡದ್ದನ್ನು ಕೇಳಿದ, ಅಷ್ಟೆ. ಮಾತಿನ ಶೋಗಳಿಗೆ ಮತ್ತೆ ಮತ್ತೆ ಬರುವ ಅತಿಥಿಗಳಲ್ಲಿ ಮನುಷ್ಯರು ಮಾತ್ರ ಇರುವುದಿಲ್ಲ, ಕೆಲವು ಅಂಕಿಗಳೂ ಇರುತ್ತವೆ. ರೋಹಿತ್ ಶರ್ಮಾ ಅವರ 209ರ ಮಾತು ಬಂದಾಗಲೆಲ್ಲ ಹಿಂದೆಯೇ ಈ 102 ಬಂದು ಕೂರುತ್ತದೆ. ಆದರೆ ಆ ಅಂಕಿಯ ಮನುಷ್ಯನ ಉಳಿದ ಹದಿನೇಳು ವರ್ಷ ಎಲ್ಲಿ ಹೋಯಿತು? ದಾವಣಗೆರೆಯವನಾಗಿ ಆ ಲೆಕ್ಕವನ್ನು ಒಂದೇ ಕಡೆ ಬರೆದಿಡಬೇಕು ಅನ್ನಿಸಿತು.

ಮೊದಲು ಒಟ್ಟು ಲೆಕ್ಕ

ರಂಗನಾಥ್ ವಿನಯ್ ಕುಮಾರ್. ಹುಟ್ಟಿದ್ದು 1984ರ ಫೆಬ್ರವರಿ 12ರಂದು, ದಾವಣಗೆರೆಯಲ್ಲಿ. ಬಲಗೈ ಮಧ್ಯಮ ವೇಗಿ. 2004-05ರಿಂದ ಕರ್ನಾಟಕದ ಪರ ರಣಜಿ, ಕೊನೆಗೆ ಪುದುಚೇರಿ ಪರ. 2021ರ ಫೆಬ್ರವರಿ 26ರಂದು ನಿವೃತ್ತಿ.

ಪ್ರಥಮ ದರ್ಜೆ ಕ್ರಿಕೆಟ್‌ನಲ್ಲಿ 139 ಪಂದ್ಯ, 504 ವಿಕೆಟ್, ಸರಾಸರಿ 22.44. ಅದರಲ್ಲಿ ರಣಜಿ ಟ್ರೋಫಿಯದ್ದೇ 442. ನಿವೃತ್ತರಾದಾಗ ರಣಜಿ ಇತಿಹಾಸದಲ್ಲಿ ಅತಿ ಹೆಚ್ಚು ವಿಕೆಟ್ ಪಡೆದ ವೇಗದ ಬೌಲರ್ ಅವರೇ. ಅವರಿಗಿಂತ ಮೇಲಿದ್ದವರೆಲ್ಲ ಸ್ಪಿನ್ನರ್‌ಗಳು.

ಭಾರತದ ಪರ 1 ಟೆಸ್ಟ್, 31 ಏಕದಿನ, 9 ಟಿ20. ವಿಕೆಟ್ ಕ್ರಮವಾಗಿ 1, 38, 10. ಐಪಿಎಲ್‌ನಲ್ಲಿ 105 ಪಂದ್ಯಕ್ಕೆ 105 ವಿಕೆಟ್.

ನಾಯಕರಾಗಿ ಕರ್ನಾಟಕಕ್ಕೆ ಸತತ ಎರಡು ರಣಜಿ ಟ್ರೋಫಿ. ಅದೇ ಎರಡು ಋತುಗಳಲ್ಲಿ ಎರಡು ಇರಾನಿ ಕಪ್, ಎರಡು ವಿಜಯ್ ಹಜಾರೆ ಟ್ರೋಫಿ.

ಇಷ್ಟು ಓದಿದವರಿಗೆ 102 ಎಷ್ಟು ಸಣ್ಣದು ಅಂತ ಆಗಲೇ ಗೊತ್ತಾಗಿರುತ್ತದೆ. ಆದರೂ ಅದೇ ಯಾಕೆ ಉಳಿಯಿತು ಅನ್ನುವುದಕ್ಕೆ ಸ್ವಲ್ಪ ಹಿಂದಿನಿಂದ ಬರಬೇಕು.

ಆಟೋ ಮನೆಯಿಂದ ರಣಜಿಗೆ

ವಿನಯ್ ಅವರ ತಂದೆ ದಾವಣಗೆರೆಯಲ್ಲಿ ಆಟೋ ಓಡಿಸುತ್ತಿದ್ದವರು. ಪತ್ರಿಕೆಗಳಲ್ಲಿ ಹಲವು ಸಲ ಬಂದ ವಿಷಯ ಇದು, ಊರಲ್ಲಿ ಎಲ್ಲರಿಗೂ ಗೊತ್ತು. ಒಂದು ಕಾಲಕ್ಕೆ ಹತ್ತಿ ಗಿರಣಿಗಳಿಂದಾಗಿ ಕರ್ನಾಟಕದ ಮ್ಯಾಂಚೆಸ್ಟರ್ ಅನ್ನಿಸಿಕೊಂಡಿದ್ದ ಊರು ನಮ್ಮದು. ಮಿಲ್ಲುಗಳು ಒಂದೊಂದೇ ಮುಚ್ಚುತ್ತಾ ಬಂದಂತೆ ಎಷ್ಟೋ ಮನೆಗಳು ಸಣ್ಣ ಶೆಡ್ಡು, ಅಂಗಡಿ, ಆಟೋಗಳ ಮೇಲೆ ನಿಂತವು. ಅಂಥ ಊರಿನಲ್ಲಿ ಹುಡುಗನೊಬ್ಬ ಲೆದರ್ ಬಾಲ್ ಕ್ರಿಕೆಟ್ ಆಡುತ್ತೇನೆ ಅಂದರೆ ಮನೆಯವರಿಗೆ ಮೊದಲು ಕಾಣುವುದು ಖರ್ಚು. ಶೂ, ಪ್ಯಾಡು, ಬೆಂಗಳೂರಿಗೆ ಹೋಗಿಬರುವ ಬಸ್ ಚಾರ್ಜು.

ನಮ್ಮಲ್ಲಿ ಟೆನಿಸ್ ಬಾಲ್ ಕ್ರಿಕೆಟ್ಟಿಗೆ ಕೊರತೆ ಇಲ್ಲ. ಹೈಸ್ಕೂಲ್ ಮೈದಾನದಲ್ಲಿ ರಾತ್ರಿ ಲೈಟು ಹಾಕಿ ಟೂರ್ನಿ ನಡೆದರೆ ಇಡೀ ಊರು ಸೇರುತ್ತದೆ. ಆದರೆ ಅಲ್ಲಿಂದ ರಾಜ್ಯ ತಂಡಕ್ಕೆ ಹೋಗುವ ದಾರಿಯೇ ಬೇರೆ. ಅದು ವಯೋಮಿತಿ ತಂಡಗಳು, ವಲಯದ ಪಂದ್ಯಗಳು, ಬೆಂಗಳೂರಿನ ಕ್ಲಬ್ಬುಗಳ ಮೂಲಕ ಸಾಗಬೇಕು. ಆ ದಾರಿಯಲ್ಲಿ ವಿನಯ್ 2004-05ರಲ್ಲಿ, ಇಪ್ಪತ್ತು ವರ್ಷಕ್ಕೆ, ಕರ್ನಾಟಕ ತಂಡ ಸೇರಿದರು.

ಎಕ್ಸ್‌ಪ್ರೆಸ್ ಅಂತ ಹೆಸರು ಬಂದದ್ದಕ್ಕೆ ಹಿಂದಿನವರು ಕಾರಣ. ಜಾವಗಲ್ ಶ್ರೀನಾಥ್ 'ಮೈಸೂರು ಎಕ್ಸ್‌ಪ್ರೆಸ್' ಆಗಿದ್ದರು. ಹಾಗಾಗಿ ಇವರು 'ದಾವಣಗೆರೆ ಎಕ್ಸ್‌ಪ್ರೆಸ್'. ನಿಜ ಹೇಳಬೇಕೆಂದರೆ ವೇಗದಲ್ಲಿ ಇವರು ಎಕ್ಸ್‌ಪ್ರೆಸ್ ಅಲ್ಲ. ಗಂಟೆಗೆ 130 ಕಿ.ಮೀ. ಆಸುಪಾಸಿನ ಬೌಲರ್. ಹೊಸ ಚೆಂಡನ್ನು ಹೊರಕ್ಕೆ ತಿರುಗಿಸುವುದು, ಒಂದೇ ಜಾಗಕ್ಕೆ ಮತ್ತೆ ಮತ್ತೆ ಹಾಕುವುದು, ನಡುನಡುವೆ ನಿಧಾನದ ಎಸೆತ. ಇಷ್ಟೇ ಬಂಡವಾಳ.

ನನ್ನ ಶೆಡ್ಡಿನಲ್ಲಿರುವ ಹಳೇ ಲೇತು ಹರಿಹರದ ಮೈಸೂರು ಕಿರ್ಲೋಸ್ಕರ್‌ನಲ್ಲಿ ತಯಾರಾದದ್ದು. ಕಂಪನಿಯೇ ಮುಚ್ಚಿ ಹೋಗಿದೆ, ಲೇತು ಇನ್ನೂ ಓಡುತ್ತಿದೆ. ಹೊಸ ಮೆಷಿನ್ನಿನ ಸ್ಪೀಡು ಅದಕ್ಕಿಲ್ಲ. ಆದರೆ ನೂರು ಪೀಸು ಕೊಟ್ಟರೆ ನೂರೂ ಒಂದೇ ಅಳತೆಗೆ ಬರುತ್ತವೆ. ವಿನಯ್ ಬೌಲಿಂಗ್ ನೋಡಿದಾಗೆಲ್ಲ ನನಗೆ ಅದೇ ನೆನಪು.

ಇಂಥ ಬೌಲರ್‌ನ ಬೆಲೆ ನಾಲ್ಕು ದಿನದ ಪಂದ್ಯದಲ್ಲಿ ಗೊತ್ತಾಗುತ್ತದೆ. 2009-10ರ ರಣಜಿಯಲ್ಲಿ 46 ವಿಕೆಟ್ ಪಡೆದರು. ಆ ಸಲ ಕರ್ನಾಟಕ ಮೈಸೂರಿನಲ್ಲಿ ನಡೆದ ಫೈನಲ್‌ನಲ್ಲಿ ಮುಂಬೈ ಎದುರು ಬರೀ 6 ರನ್‌ಗಳಿಂದ ಸೋತಿತು. ಮನೀಶ್ ಪಾಂಡೆ ಹೊಡೆದ 144 ನೆನಪಿರುವವರಿಗೆ ಆ ಹೊಟ್ಟೆಯುರಿಯೂ ನೆನಪಿರುತ್ತದೆ.

ನೀಲಿ ಅಂಗಿ, ಪರ್ತ್, ಆ ರಾತ್ರಿ

2010ರ ಐಪಿಎಲ್‌ನಲ್ಲಿ ರಾಯಲ್ ಚಾಲೆಂಜರ್ಸ್ ಪರ 16 ವಿಕೆಟ್ ಬಂತು. ಟಿ20 ವಿಶ್ವಕಪ್ ತಂಡದಲ್ಲೂ ವಿನಯ್ ಇದ್ದರು. ಮೇ 11ರಂದು ಸೇಂಟ್ ಲೂಸಿಯಾದಲ್ಲಿ ಶ್ರೀಲಂಕಾ ಎದುರು ಮೊದಲ ಪಂದ್ಯ, 30 ರನ್‌ಗೆ 2 ವಿಕೆಟ್. ಅದೇ ತಿಂಗಳು ಜಿಂಬಾಬ್ವೆಯಲ್ಲಿ ಏಕದಿನಕ್ಕೂ ಕಾಲಿಟ್ಟರು. 2011ರ ಅಕ್ಟೋಬರ್‌ನಲ್ಲಿ ದೆಹಲಿಯಲ್ಲಿ ಇಂಗ್ಲೆಂಡ್ ಎದುರು 30ಕ್ಕೆ 4. ಅವರ ಏಕದಿನದ ಅತ್ಯುತ್ತಮ ಸಾಧನೆ ಅದು.

2012ರ ಜನವರಿಯಲ್ಲಿ ಪರ್ತ್ ಟೆಸ್ಟ್. ವೇಗಕ್ಕೆ ಹೆಸರಾದ ಪಿಚ್ಚು, ಭಾರತ ನಾಲ್ಕು ವೇಗಿಗಳನ್ನು ಇಳಿಸಿತು. ಜಹೀರ್, ಇಶಾಂತ್, ಉಮೇಶ್ ಜೊತೆ ವಿನಯ್. ಡೇವಿಡ್ ವಾರ್ನರ್ 180 ಹೊಡೆದರು. ವಿನಯ್ 13 ಓವರ್‌ಗೆ 73 ರನ್ ಕೊಟ್ಟು ಮೈಕ್ ಹಸ್ಸಿಯ ವಿಕೆಟ್ ಪಡೆದರು. ಭಾರತದ ಬ್ಯಾಟಿಂಗ್ 161 ಮತ್ತು 171ಕ್ಕೆ ಮುಗಿದು ಇನಿಂಗ್ಸ್ ಸೋಲಾಯಿತು. ಮತ್ತೆ ಟೆಸ್ಟ್ ಆಡುವ ಅವಕಾಶ ಬರಲಿಲ್ಲ. ಆ ಪಿಚ್ಚಿಗೆ ಈ ಬೌಲರ್ ಸರಿಯಾದ ಆಯ್ಕೆಯಾಗಿತ್ತೇ ಅಂತ ಕೇಳಿದರೆ, ಇಲ್ಲ ಅಂತಲೇ ನಾನೂ ಹೇಳುತ್ತೇನೆ. ಆದರೆ ಆಯ್ಕೆ ಮಾಡಿದವರ ಲೆಕ್ಕವನ್ನು ಆಡಿದವನ ಖಾತೆಗೆ ಬರೆಯುವುದು ಸರಿಯಲ್ಲ.

ಇನ್ನು ಆ ರಾತ್ರಿ. 2013ರ ನವೆಂಬರ್ 2, ದೀಪಾವಳಿಯ ಹಿಂದಿನ ದಿನ. ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಆಸ್ಟ್ರೇಲಿಯಾ ಎದುರು ಸರಣಿಯ ಕೊನೆಯ ಪಂದ್ಯ. ರೋಹಿತ್ 209, ಭಾರತ 383. ಆಮೇಲೆ ಗ್ಲೆನ್ ಮ್ಯಾಕ್ಸ್‌ವೆಲ್ 22 ಎಸೆತಕ್ಕೆ 60, ಜೇಮ್ಸ್ ಫಾಕ್ನರ್ 57 ಎಸೆತಕ್ಕೆ ಶತಕ. ವಿನಯ್ ಅವರ 9 ಓವರ್‌ಗೆ 102 ರನ್, 1 ವಿಕೆಟ್. ಏಕದಿನದಲ್ಲಿ ನೂರು ದಾಟಿದ ಮೊದಲ ಭಾರತೀಯ ಬೌಲರ್ ಎಂಬ ದಾಖಲೆ ಅವರ ಹೆಸರಿಗೆ ಬಂತು. ಮನೆಯಲ್ಲಿ ಹಬ್ಬಕ್ಕೆ ನೀರು ತುಂಬುತ್ತಾ ಟಿವಿ ನೋಡುತ್ತಿದ್ದ ನಾವು ಒಂದು ಹೊತ್ತಿನ ಮೇಲೆ ದನಿ ಕಡಿಮೆ ಮಾಡಿದ್ದೆವು. ಊರಿನ ಹುಡುಗ ನೋಡಿ.

ಹೇಳದೆ ಬಿಡುವ ಮಾತೊಂದಿದೆ: ಆ ಪಂದ್ಯ ಭಾರತ ಗೆದ್ದಿತು. 57 ರನ್‌ಗಳಿಂದ. ಸರಣಿಯೂ 3-2ರಿಂದ ನಮ್ಮದಾಯಿತು. ಆದರೆ ವಿನಯ್ ಭಾರತದ ಪರ ಆಡಿದ ಕೊನೆಯ ಪಂದ್ಯ ಅದೇ. ಆಗ ಅವರಿಗೆ ಇನ್ನೂ ಮೂವತ್ತು ತುಂಬಿರಲಿಲ್ಲ.

ಮೂರೇ ತಿಂಗಳಲ್ಲಿ

ಮಾತಿನ ಶೋಗಳಲ್ಲಿ ಕಥೆ ಇಲ್ಲಿಗೆ ನಿಲ್ಲುತ್ತದೆ. ನಿಜವಾಗಿ ದೊಡ್ಡ ಭಾಗ ಶುರುವಾಗುವುದೇ ಇಲ್ಲಿಂದ.

2014ರ ಫೆಬ್ರವರಿ 2. ಹೈದರಾಬಾದ್‌ನಲ್ಲಿ ಮಹಾರಾಷ್ಟ್ರವನ್ನು 7 ವಿಕೆಟ್‌ಗಳಿಂದ ಸೋಲಿಸಿ ಕರ್ನಾಟಕ ರಣಜಿ ಗೆದ್ದಿತು. ನಾಯಕ ವಿನಯ್ ಕುಮಾರ್. 1998-99ರ ನಂತರ, ಹದಿನೈದು ವರ್ಷದ ಮೇಲೆ ಬಂದ ಟ್ರೋಫಿ. ಆ ರಾತ್ರಿಗೂ ಈ ಟ್ರೋಫಿಗೂ ನಡುವೆ ಇದ್ದದ್ದು ಸರಿಯಾಗಿ ಮೂರು ತಿಂಗಳು. ಹಿಂದೆಯೇ ಇರಾನಿ ಕಪ್, ಅದರ ಹಿಂದೆ ಕೋಲ್ಕತ್ತದಲ್ಲಿ ರೈಲ್ವೇಸ್ ಎದುರು ವಿಜಯ್ ಹಜಾರೆ.

ಮರು ವರ್ಷ ಮತ್ತೆ ಮೂರೂ. ಆ ಋತುವಿನ ಒಂದು ಪಂದ್ಯವನ್ನು ಬಿಡಿಸಿ ಹೇಳಲೇಬೇಕು. 2015ರ ಫೆಬ್ರವರಿ, ರಣಜಿ ಸೆಮಿಫೈನಲ್, ಎದುರಾಳಿ ಮುಂಬೈ. ಕರ್ನಾಟಕ ಮೊದಲ ಇನಿಂಗ್ಸ್‌ನಲ್ಲಿ 202ಕ್ಕೆ ಆಲೌಟ್. ಸಾಲದು ಅಂತ ಎಲ್ಲರೂ ಅಂದುಕೊಳ್ಳುವಷ್ಟರಲ್ಲಿ ಮುಂಬೈ 44ಕ್ಕೆ ಆಲೌಟ್! ವಿನಯ್ 20 ರನ್‌ಗೆ 6 ವಿಕೆಟ್. ಜಾಗ ಯಾವುದು? ಅದೇ ಚಿನ್ನಸ್ವಾಮಿ. 102 ರನ್ ಕೊಟ್ಟ ಮೈದಾನವೇ.

ಫೈನಲ್ ವಾಂಖೆಡೆಯಲ್ಲಿ, ತಮಿಳುನಾಡು ಎದುರು. ಎಲ್ಲರಿಗೂ ನೆನಪಿರುವುದು ಕರುಣ್ ನಾಯರ್ ಅವರ 328. ಅದು ನ್ಯಾಯವೇ. ಆದರೆ ಎದುರಾಳಿಯನ್ನು 134ಕ್ಕೆ ಕಟ್ಟಿಹಾಕಿದ ಮೊದಲ ಇನಿಂಗ್ಸ್‌ನಲ್ಲಿ 34ಕ್ಕೆ 5 ವಿಕೆಟ್ ಪಡೆದು, ಆಮೇಲೆ ಬ್ಯಾಟು ಹಿಡಿದು ಔಟಾಗದೆ 105 ಹೊಡೆದದ್ದು ನಾಯಕ. ಗೆಲುವಿನ ಅಂತರ ಇನಿಂಗ್ಸ್ ಮತ್ತು 217 ರನ್.

ಈ ಎರಡು ವರ್ಷದ ತಂಡವನ್ನು ಗಮನಿಸಿ. ಕೆ.ಎಲ್. ರಾಹುಲ್, ಕರುಣ್ ನಾಯರ್, ಮನೀಶ್ ಪಾಂಡೆ, ಮಯಂಕ್ ಅಗರ್ವಾಲ್. ಒಂದಲ್ಲ ಒಂದು ಹೊತ್ತಿಗೆ ಎಲ್ಲರೂ ಭಾರತಕ್ಕೆ ಆಡಿದರು. ಬೌಲಿಂಗ್‌ನಲ್ಲಿ ವಿನಯ್, ಅಭಿಮನ್ಯು ಮಿಥುನ್, ಶ್ರೀನಾಥ್ ಅರವಿಂದ್. ಭಾರತ ತಂಡದ ಬಾಗಿಲು ತನಗೆ ಮುಚ್ಚಿದ ಹೊತ್ತಿನಲ್ಲಿ, ಬೇರೆಯವರಿಗೆ ಬಾಗಿಲು ತೆರೆಯುವ ತಂಡವನ್ನು ನಡೆಸಿದ ಮನುಷ್ಯ ಇವರು.

ಯಾಕೆ 102 ಮಾತ್ರ ಉಳಿಯಿತು?

ನನ್ನ ಉತ್ತರ ಸರಳ. ಆ 102ಕ್ಕೆ ವಿಡಿಯೋ ಇದೆ. 9 ಓವರ್ ಅಂದರೆ ಲೆಕ್ಕದ 54 ಎಸೆತ. ಅಷ್ಟೂ ಯಾವ ಕೋನದಿಂದ ಬೇಕಾದರೂ ಸಿಗುತ್ತವೆ. 442 ರಣಜಿ ವಿಕೆಟ್‌ಗಳ ಪೈಕಿ ಎಷ್ಟಕ್ಕೆ ವಿಡಿಯೋ ಇದೆ? ರಣಜಿಯ ಲೀಗ್ ಪಂದ್ಯಗಳಲ್ಲಿ ಹೆಚ್ಚಿನವನ್ನು ಟಿವಿ ತೋರಿಸಲೇ ಇಲ್ಲ. ಖಾಲಿ ಗ್ಯಾಲರಿ ಮುಂದೆ ಬಿದ್ದ ವಿಕೆಟ್ಟುಗಳು ಮರುದಿನದ ಪೇಪರಿನ ಕ್ರೀಡಾಪುಟದಲ್ಲಿ ಎರಡು ಸಾಲಾದವು. ಮಾತಿನ ಶೋ ಮಾಡುವವರಿಗೆ ಎಂಟು ನಿಮಿಷದ ತುಣುಕು ಬೇಕು, ತುಣುಕಿಗೆ ಚಿತ್ರ ಬೇಕು. ಚಿತ್ರ ಇಲ್ಲದ್ದು ನಡೆದೇ ಇಲ್ಲ ಅನ್ನುವ ಹಾಗಾಗಿದೆ.

ಇದು ಒಳ್ಳೆಯದರ ವಿಷಯದಲ್ಲೂ ಹೀಗೇ ಆಗುತ್ತದೆ. ನಮ್ಮ ಪಕ್ಕದ ಗದಗಿನ ಸುನಿಲ್ ಜೋಶಿ ಅವರನ್ನೇ ತಗೊಳ್ಳಿ. 1999ರ ನೈರೋಬಿಯಲ್ಲಿ ದಕ್ಷಿಣ ಆಫ್ರಿಕಾ ಎದುರು 10 ಓವರ್, 6 ಮೇಡನ್, 6 ರನ್, 5 ವಿಕೆಟ್. ಅವರ ಹೆಸರು ಬಂದರೆ ಇದೊಂದೇ ಮಾತು. ಪ್ರಥಮ ದರ್ಜೆಯಲ್ಲಿ ಪಡೆದ 600ಕ್ಕೂ ಹೆಚ್ಚು ವಿಕೆಟ್ ಯಾರ ಬಾಯಲ್ಲೂ ಇಲ್ಲ. ಅದೇ ಸರಣಿಯಲ್ಲಿ ಸರಣಿಶ್ರೇಷ್ಠರಾದವರು ವಿಜಯ್ ಭಾರದ್ವಾಜ್. ಕನ್ನಡದಲ್ಲಿ ಕ್ರಿಕೆಟ್ ನೋಡುವವರು ಅವರ ದನಿ ಕೇಳಿಯೇ ಇರುತ್ತೀರಿ. ಆದರೆ ಆ ದನಿಯ ಹಿಂದೆ 1998-99ರ ರಣಜಿ ಫೈನಲ್‌ನ ಕೊನೆಯ ದಿನ ಮಧ್ಯಪ್ರದೇಶದ ಎದುರು 24 ರನ್‌ಗೆ 6 ವಿಕೆಟ್ ಪಡೆದು ಟ್ರೋಫಿ ತಂದ ಬೌಲರ್ ಇದ್ದಾರೆ ಅಂತ ಎಷ್ಟು ಜನಕ್ಕೆ ಗೊತ್ತು?

ಇನ್ನೊಂದು ಹೋಲಿಕೆ. 2015ರ ಅಕ್ಟೋಬರ್‌ನಲ್ಲಿ ಮುಂಬೈಯಲ್ಲಿ ದಕ್ಷಿಣ ಆಫ್ರಿಕಾ ಎದುರು ಭುವನೇಶ್ವರ್ ಕುಮಾರ್ 10 ಓವರ್‌ಗೆ 106 ರನ್ ಕೊಟ್ಟರು. ವಿನಯ್‌ಗಿಂತ ನಾಲ್ಕು ರನ್ ಜಾಸ್ತಿ. ಅವರನ್ನು ಯಾರೂ 'ನೂರಾ ಆರು' ಅಂತ ಕರೆಯುವುದಿಲ್ಲ. ಕಾರಣ, ಅವರಿಗೆ ಮುಂದಿನ ಪಂದ್ಯ ಸಿಕ್ಕಿತು. ಅದೇ ಆಸ್ಟ್ರೇಲಿಯಾದ ಮಿಕ್ ಲೂಯಿಸ್ ನೋಡಿ. 2006ರಲ್ಲಿ ಜೊಹಾನ್ಸ್‌ಬರ್ಗ್‌ನಲ್ಲಿ 113 ಕೊಟ್ಟರು, ಮತ್ತೆ ಆಸ್ಟ್ರೇಲಿಯಾ ಪರ ಆಡಲಿಲ್ಲ. ಅವರ ಹೆಸರೂ ಆ ಅಂಕಿಯೂ ಒಂದೇ ಆಗಿಬಿಟ್ಟಿವೆ. ಕೆಟ್ಟ ದಿನ ಎಲ್ಲರಿಗೂ ಬರುತ್ತದೆ. ಅದು ಕೊನೆಯ ದಿನವೂ ಆಗಿಬಿಟ್ಟರೆ ಹಣೆಪಟ್ಟಿ ಆಗುತ್ತದೆ, ಅಷ್ಟೇ ವ್ಯತ್ಯಾಸ.

ಕೊನೆಯ ನಿಲ್ದಾಣದವರೆಗೆ

ಐಪಿಎಲ್‌ನಲ್ಲಿ ವಿನಯ್ ಹಲವು ಅಂಗಿ ತೊಟ್ಟರು: ಬೆಂಗಳೂರು, ಕೊಚ್ಚಿ, ಮತ್ತೆ ಬೆಂಗಳೂರು, ಕೋಲ್ಕತ್ತ, ಮುಂಬೈ, ಮತ್ತೆ ಕೋಲ್ಕತ್ತ. 2013ರಲ್ಲಿ ಬೆಂಗಳೂರಿಗೆ 23 ವಿಕೆಟ್. 2014ರಲ್ಲಿ ಕೋಲ್ಕತ್ತ, 2015 ಮತ್ತು 2017ರಲ್ಲಿ ಮುಂಬೈ ಕಪ್ ಗೆದ್ದಾಗ ಆ ತಂಡಗಳಲ್ಲಿದ್ದರು.

2018ರ ಏಪ್ರಿಲ್‌ನಲ್ಲಿ ಚೆನ್ನೈ ಎದುರು ಕೋಲ್ಕತ್ತದ ಪರ ಕೊನೆಯ ಓವರ್ ಹಾಕಿ 17 ರನ್ ಕಾಪಾಡಲಾಗಲಿಲ್ಲ. ಸೋಶಿಯಲ್ ಮೀಡಿಯಾದಲ್ಲಿ ಬೈಗುಳದ ಸುರಿಮಳೆ. ಆಗ ಅವರೇ ಟ್ವಿಟರ್‌ನಲ್ಲಿ ಉತ್ತರ ಕೊಟ್ಟರು: ಇದು ಆಟ ಅಷ್ಟೇ, ಹಿಂದೆ ಕೊನೆಯ ಓವರ್‌ನಲ್ಲಿ 9 ರನ್, 10 ರನ್ ಉಳಿಸಿಕೊಟ್ಟದ್ದೂ ಉಂಟು, ಆಗ ನೀವೆಲ್ಲ ಎಲ್ಲಿದ್ದಿರಿ ಅನ್ನುವ ಅರ್ಥದಲ್ಲಿ. ನಾನು ಇಷ್ಟು ಉದ್ದ ಬರೆದದ್ದನ್ನು ಅವರು ಎರಡು ಸಾಲಲ್ಲಿ ಹೇಳಿದ್ದರು.

ಅದಕ್ಕೆ ನಾಲ್ಕೇ ತಿಂಗಳ ಹಿಂದೆ, 2017ರ ಡಿಸೆಂಬರ್‌ನಲ್ಲಿ, ನಾಗ್ಪುರದ ರಣಜಿ ಕ್ವಾರ್ಟರ್‌ಫೈನಲ್‌ನಲ್ಲಿ ಇದೇ ಬೌಲರ್ ಮುಂಬೈ ಎದುರು ಹ್ಯಾಟ್ರಿಕ್ ಪಡೆದಿದ್ದರು. ಮೊದಲ ಓವರ್‌ನ ಕೊನೆಯ ಎಸೆತಕ್ಕೆ ಪೃಥ್ವಿ ಶಾ, ತಮ್ಮ ಮುಂದಿನ ಓವರ್‌ನ ಮೊದಲ ಎರಡು ಎಸೆತಕ್ಕೆ ಇನ್ನಿಬ್ಬರು. 34ಕ್ಕೆ 6. ಕರ್ನಾಟಕಕ್ಕೆ ಇನಿಂಗ್ಸ್ ಗೆಲುವು. ಸೆಮಿಫೈನಲ್‌ನಲ್ಲಿ ಮಾತ್ರ ವಿದರ್ಭ ಎದುರು 5 ರನ್‌ಗಳ ಸೋಲು.

2019-20ಕ್ಕೆ ಕರ್ನಾಟಕ ಬಿಟ್ಟು ಪುದುಚೇರಿಗೆ ಹೋದರು. ಮೂವತ್ತೈದು ದಾಟಿದ ವಯಸ್ಸಿನಲ್ಲಿ, ಹೊಸ ತಂಡಕ್ಕೆ, ಪ್ಲೇಟ್ ಗುಂಪಿನಲ್ಲಿ 45 ವಿಕೆಟ್. ಎದುರಾಳಿಗಳು ದೊಡ್ಡವರಲ್ಲ ಅನ್ನಬಹುದು, ನಿಜ. ಆದರೆ ಆ ವಯಸ್ಸಿನಲ್ಲಿ, ನೋಡುವವರಿಲ್ಲದ ಮೈದಾನದಲ್ಲಿ, ಬೆಳಗ್ಗೆ ಎದ್ದು ಮತ್ತೆ ಓಡಿ ಬರಬೇಕಲ್ಲ?

2021ರ ಫೆಬ್ರವರಿ 26ರ ವಿದಾಯದ ಪತ್ರದಲ್ಲಿ ತಮ್ಮ ಅಡ್ಡಹೆಸರನ್ನೇ ಬಳಸಿ, ಇಪ್ಪತ್ತೈದು ವರ್ಷ ಓಡಿದ ಎಕ್ಸ್‌ಪ್ರೆಸ್ ಈಗ ನಿವೃತ್ತಿ ಅನ್ನುವ ನಿಲ್ದಾಣಕ್ಕೆ ಬಂತು ಅಂತ ಬರೆದರು. ಆಮೇಲೆ ಮುಂಬೈ ಇಂಡಿಯನ್ಸ್‌ಗೆ ಪ್ರತಿಭೆ ಹುಡುಕುವ ಕೆಲಸ, ಅದೇ ಬಳಗದ ಎಂಐ ಎಮಿರೇಟ್ಸ್‌ಗೆ ಬೌಲಿಂಗ್ ಕೋಚ್. 2024ರಲ್ಲಿ ಗೌತಮ್ ಗಂಭೀರ್ ಭಾರತದ ಕೋಚ್ ಆದಾಗ ಬೌಲಿಂಗ್ ಕೋಚ್ ಸ್ಥಾನಕ್ಕೆ ವಿನಯ್ ಹೆಸರು ಸುದ್ದಿಗಳಲ್ಲಿ ಓಡಾಡಿತು. ಹುದ್ದೆ ಸಿಕ್ಕಿದ್ದು ದಕ್ಷಿಣ ಆಫ್ರಿಕಾದ ಮೋರ್ನೆ ಮೋರ್ಕೆಲ್‌ಗೆ. ಆ ವಾರವೂ ನಮ್ಮ ಶೆಡ್ಡಿನ ಫೋನಿನಲ್ಲಿ 102 ಬಂದು ಹೋಗಿತ್ತು.

ಹುಡುಗನಿಗೆ ಹೇಳಿದ್ದು

ಮಾತಿನ ಶೋ ಬೇಡ ಅಂತ ನಾನು ಹೇಳುತ್ತಿಲ್ಲ. ನಾನೂ ನೋಡುತ್ತೇನೆ. ರಣಜಿ ಆಡಿದವರು ಕನ್ನಡದಲ್ಲಿ ಕೂತು ಸ್ವಿಂಗ್ ಅಂದರೇನು, ಹಳೇ ಚೆಂಡನ್ನು ಹೇಗೆ ಹಿಡಿಯಬೇಕು ಅಂತ ಬಿಡಿಸಿ ಹೇಳುವುದು ನಮ್ಮ ಕಾಲದಲ್ಲಿ ಇರಲಿಲ್ಲ. ನಮಗೆ ಇಂಗ್ಲಿಷ್ ಕಾಮೆಂಟರಿ, ಅರ್ಥ ಆದಷ್ಟು. ನನ್ನ ತಕರಾರು ಇಷ್ಟೇ: ಅತಿಥಿಯನ್ನು ಕರೆದಾಗ ಅವರ ಪೂರ್ತಿ ಲೆಕ್ಕವನ್ನೂ ಕರೆಯಿರಿ. ಒಂದು ರಾತ್ರಿಯ ಬಗ್ಗೆ ಎಂಟು ನಿಮಿಷ ಮಾತಾಡಿದರೆ, ಮುಂಬೈ 44ಕ್ಕೆ ಬಿದ್ದ ದಿನದ ಬಗ್ಗೆ ಎರಡು ನಿಮಿಷ ಮಾತಾಡಿ. ವಿಡಿಯೋ ಇಲ್ಲದಿದ್ದರೆ ಸ್ಕೋರ್ ಕಾರ್ಡ್ ಇದೆ, ಓದಿ ಹೇಳಿ.

ಯಾಕೆಂದರೆ ಕೇಳುವವನು ಬರೀ ಪ್ರೇಕ್ಷಕ ಅಲ್ಲ. ನಮ್ಮ ಶೆಡ್ಡಿನ ಹುಡುಗ ವಾರಕ್ಕೆ ಆರು ದಿನ ಕಬ್ಬಿಣದ ಪುಡಿಯಲ್ಲಿ ನಿಂತು, ಏಳನೇ ದಿನ ಬೌಲಿಂಗ್ ಮಾಡುವವನು. ಅವನ ವೇಗವೂ 140 ಇಲ್ಲ. 'ಇಂಥೋರು ಮೇಲೆ ಹೋದ್ರೆ ನೂರಾ ಎರಡು ಹೊಡೆಸ್ಕೊಂಡು ಬರ್ತಾರೆ' ಅನ್ನುವುದು ಅವನ ತಲೆಯಲ್ಲಿ ಕೂತರೆ, ಅವನು ಟ್ರಯಲ್ಸ್‌ಗೆ ರಜೆ ಕೇಳುವುದೇ ಇಲ್ಲ. ಅಂಥ ಎಷ್ಟು ಹುಡುಗರು ಕೇಳದೆ ಉಳಿದಿದ್ದಾರೋ.

ಊಟ ಮುಗಿದ ಮೇಲೆ ಅವನನ್ನು ಲೇತಿನ ಹತ್ತಿರ ಕರೆದೆ. ಜಾಬ್ ಕಾರ್ಡಿನ ಹಿಂದೆ ಪೆನ್ನಲ್ಲಿ ಬರೆದು ಕೊಟ್ಟೆ. ಒಂದು ಸಾಲು: 9 ಓವರ್, 102 ರನ್, 1 ವಿಕೆಟ್. ಅದರ ಕೆಳಗೆ ಇನ್ನೊಂದು ಸಾಲು: 139 ಪಂದ್ಯ, 504 ವಿಕೆಟ್, ಆಟೋ ಓಡಿಸುವವರ ಮನೆ, ದಾವಣಗೆರೆ.

ಹುಡುಗ ಎರಡೂ ಸಾಲು ಓದಿದ. ಎರಡನೆಯದನ್ನು ಇನ್ನೊಮ್ಮೆ ಓದಿದ. "ಐನೂರಾ ನಾಲ್ಕಾ ಅಣ್ಣ? ಇದ್ಯಾಕೆ ಯಾರೂ ಹೇಳಲ್ಲ?" ಅಂದ. ಕಾರ್ಡು ಮಡಚಿ ಜೇಬಿಗಿಟ್ಟುಕೊಂಡು ಮೆಷಿನ್ ಆನ್ ಮಾಡಿದ. ಸಂಜೆ ಹೋಗುವಾಗ, ಬರುವ ಶನಿವಾರ ಅರ್ಧ ದಿನ ರಜೆ ಬೇಕು ಅಂದ. ಯಾಕೆ ಅಂತ ನಾನು ಕೇಳಲಿಲ್ಲ. ಕೊಟ್ಟೆ.